ಊಟದ ಹೊತ್ತಿಗೆ ಆರುವ ಸಿಟ್ಟು

ನನಗೆ ಮೂಗಿನ ತುದಿಯಲ್ಲೇ ಸಿಟ್ಟು ಎಂದು ನಮ್ಮ ಅಂಗಡಿಯಲ್ಲಿ ಎಲ್ಲರೂ ಹೇಳುತ್ತಾರೆ. ಹೇಳಲಿ. ಮೆಣಸಿನಕಾಯಿ ಎಂದು ಅಡ್ಡಹೆಸರನ್ನೂ ಇಟ್ಟಿದ್ದಾರೆ, ಅದೂ ಇರಲಿ. ಆದರೆ ಈ ಊರಿನಲ್ಲಿ ಸಿಟ್ಟು ಎನ್ನುವುದು ಇನ್ನೂ ಉಳಿದಿದ್ದರೆ ಅದು ನನ್ನಂಥ ಒಬ್ಬಿಬ್ಬರ ಹತ್ತಿರ ಮಾತ್ರ. ಮಿಕ್ಕವರ ಸಿಟ್ಟನ್ನೆಲ್ಲ ಸಮುದ್ರ ತಿಂದು ಕೂತಿದೆ. ಮಾತಿಗೆ ಹೀಗೆ ಹೇಳುತ್ತಿದ್ದೇನೆ ಎಂದುಕೊಳ್ಳಬೇಡಿ, ನಿಜವಾಗಿಯೂ ತಿಂದಿದೆ.

ನಮ್ಮ ಸಮುದ್ರದ ವಿಷಯ ಹೊರಗಿನವರಿಗೆ ಹೇಳಿದರೆ ನಂಬುವುದಿಲ್ಲ. ದಡದಿಂದ ಕಪ್ಪು ಬಂಡೆಗಳ ಸಾಲಿನವರೆಗೆ ಅದು ಎಲ್ಲ ಕಡೆಯ ಸಮುದ್ರದ ಹಾಗೆಯೇ ಇದೆ. ಬಂಡೆ ದಾಟಿದ ಮೇಲೆ ಹೊತ್ತು ಹಿಗ್ಗಲು ಶುರುವಾಗುತ್ತದೆ. ಬೆಳಿಗ್ಗೆ ಟೀ ಕುಡಿದು ಆಚೆ ಹೋದವರು ಅಲ್ಲಿ ಎರಡು ವರ್ಷವೋ ಮೂರು ವರ್ಷವೋ ಬದುಕಿ ಮಧ್ಯಾಹ್ನದ ಊಟಕ್ಕೆ ವಾಪಸ್ಸು ಬರುತ್ತಾರೆ. ಇಲ್ಲಿ ನಾವು ತೊಳೆದು ಬೋರಲು ಹಾಕಿದ ಲೋಟ ಇನ್ನೂ ಒಣಗಿರುವುದಿಲ್ಲ, ಅಷ್ಟರಲ್ಲಿ ಅವರ ತಲೆ ನರೆತಿರುತ್ತದೆ. ಇನ್ನೂ ಆಚೆಗೆ, ನೀರು ಅಲುಗದೆ ಎಣ್ಣೆಯ ಹಾಗೆ ನಿಂತ ಜಾಗವೊಂದಿದೆ. ಅಲ್ಲಿ ಹೊತ್ತು ಎಷ್ಟು ಹಿಗ್ಗುತ್ತದೆ ಎಂದು ಬಂದು ಹೇಳಿದವರು ಯಾರೂ ಇಲ್ಲ. ನಾನು ಚಿಕ್ಕವಳಿದ್ದಾಗ ಹಗ್ಗ ಕಿತ್ತುಕೊಂಡ ದೋಣಿಯೊಂದು ಆ ಕಡೆ ತೇಲಿಹೋಗಿ ಸ್ವಲ್ಪ ಹೊತ್ತಿಗೆಲ್ಲ ತಾನಾಗಿಯೇ ಈಚೆ ಬಂತು. ಹೋಗುವಾಗ ಅದರಲ್ಲಿ ಹೊಸದಾಗಿ ಮದುವೆಯಾದ ಗಂಡ ಹೆಂಡತಿ ಇದ್ದರು. ಬರುವಾಗ ಒಬ್ಬ ಮುದುಕ ಮಾತ್ರ ಇದ್ದ, ಅವನಿಗೆ ಮಾತು ಮರೆತುಹೋಗಿತ್ತು.

ಇಂಥ ಸಮುದ್ರ ಪಕ್ಕದಲ್ಲಿದ್ದರೆ ಬುದ್ಧಿ ಇರುವವರು ಏನು ಮಾಡುತ್ತಾರೆ? ಬೇಲಿ ಹಾಕುತ್ತಾರೆ. ಆ ಕಡೆ ತಲೆ ಹಾಕಬೇಡಿ ಎಂದು ಮಕ್ಕಳನ್ನು ಹೆದರಿಸುತ್ತಾರೆ. ನಮ್ಮ ಊರಿನವರು ಅಲ್ಲಿ ಹೊಲಿಗೆ ಅಂಗಡಿ ಇಟ್ಟರು.

ನಮ್ಮ ಅಂಗಡಿಯ ಯಜಮಾನರ ಹಳೆಯ ಹಡಗೊಂದು ಬಂಡೆಗಳ ಆಚೆ ಲಂಗರು ಹಾಕಿ ನಿಂತಿದೆ. ಅದರ ತುಂಬ ಹೊಲಿಗೆ ಯಂತ್ರಗಳು, ಕಸೂತಿ ಚೌಕಟ್ಟುಗಳು, ಅಕ್ಕಿ ಬೇಳೆಯ ಮೂಟೆಗಳು. ಅಂಗಡಿಯ ಮುಂದಿನ ಬೋರ್ಡಿನಲ್ಲಿ 'ಬೆಳಿಗ್ಗೆ ಕೊಡಿ, ಮಧ್ಯಾಹ್ನ ಒಯ್ಯಿರಿ' ಎಂದು ಕೆಂಪು ಅಕ್ಷರದಲ್ಲಿ ಬರೆಸಿದ್ದಾರೆ. ಸಣ್ಣಪುಟ್ಟ ರಿಪೇರಿ ಹೊಲಿಗೆ ಬಿಟ್ಟರೆ ಬಟ್ಟೆ ಕತ್ತರಿಸುವುದು ಮಾತ್ರ ದಡದಲ್ಲಿ. ಹಡಗು ಅಲುಗಾಡುತ್ತಲೇ ಇರುತ್ತದೆ, ಕತ್ತರಿ ಒಂದು ಬೆರಳು ಆಚೀಚೆ ಹೋಯಿತೆಂದರೆ ಮತ್ತೆ ಬಟ್ಟೆ ತರಲು ಅಲ್ಲೇನು ಅಂಗಡಿ ಇದೆಯೇ? ಆ ಕತ್ತರಿಸುವ ಕೆಲಸ ನನ್ನದು. ಬೆಳಿಗ್ಗೆ ನಾನು ಅಳತೆಗೆ ಕತ್ತರಿಸಿ ಟ್ರಂಕಿಗೆ ತುಂಬುತ್ತೇನೆ, ನಾಲ್ಕೈದು ಹೆಂಗಸರು ಟ್ರಂಕಿನ ಜೊತೆ ದೋಣಿ ಹತ್ತುತ್ತಾರೆ, ಮಧ್ಯಾಹ್ನ ಮೈತುಂಬ ಕಸೂತಿ ಮಾಡಿದ ಉಡುಪು ಇಳಿಯುತ್ತದೆ. ಗಿರಾಕಿಗಳು ಬಾಯಿ ಬಿಟ್ಟು ನೋಡುತ್ತಾರೆ. ಟ್ರಂಕಿನ ಹಿಂದೆ ದೋಣಿಯಿಂದ ಇಳಿಯುವ ಹೆಂಗಸರನ್ನು ಮಾತ್ರ ಒಬ್ಬರೂ ಕಣ್ಣೆತ್ತಿ ನೋಡುವುದಿಲ್ಲ.

ಇದಕ್ಕೆ ನಮ್ಮ ಅಂಗಡಿಯ ಭಾಷೆಯಲ್ಲಿ ಅರ್ಧ ದಿನದ ಕೆಲಸ ಎಂದು ಹೆಸರು. ಹಾಜರಿಯೂ ಅರ್ಧ ದಿನದ್ದೇ. ಯಜಮಾನರು ಒಂದು ದಿನವೂ ಹಡಗಿಗೆ ಕಾಲಿಟ್ಟವರಲ್ಲ. ಅವರಿಗೆ ಸಮುದ್ರದ ಗಾಳಿ ಆಗಿಬರುವುದಿಲ್ಲವಂತೆ.

ನನ್ನ ತಂಗಿ ನನಗಿಂತ ಹನ್ನೆರಡು ವರ್ಷ ಚಿಕ್ಕವಳು. ಅಮ್ಮ ತೀರಿಕೊಂಡಾಗ ಅವಳಿನ್ನೂ ಹಾಲುಹಲ್ಲಿನ ಹುಡುಗಿ. ತಲೆ ಬಾಚಿದ್ದು, ಅಕ್ಷರ ಕಲಿಸಿದ್ದು, ಸೂಜಿಗೆ ದಾರ ಪೋಣಿಸುವುದನ್ನು ಹೇಳಿಕೊಟ್ಟದ್ದು ಎಲ್ಲ ನಾನೇ. ಪುಟ್ಟಿ ಎಂದು ಕರೆಯುತ್ತಿದ್ದೆ, ಈಗಲೂ ಹಾಗೆಯೇ ಕರೆಯುತ್ತೇನೆ. ಕಸೂತಿಯಲ್ಲಿ ಅವಳ ಕೈ ನನ್ನ ಕೈಗಿಂತ ಚೆನ್ನಾಗಿ ಪಳಗಿತು, ಅದೇ ಅವಳಿಗೆ ಮುಳುವಾಯಿತು. ಇಪ್ಪತ್ತೆರಡನೆಯ ವಯಸ್ಸಿನಲ್ಲಿ ಮೊದಲ ಸಲ ದೋಣಿ ಹತ್ತಿದಳು. ಈಗ ಕ್ಯಾಲೆಂಡರಿನ ಪ್ರಕಾರ ಅವಳಿಗೆ ಇಪ್ಪತ್ತಾರು. ಕನ್ನಡಿಯ ಪ್ರಕಾರ ಐವತ್ತು.

"ಇವರು ನಿಮ್ಮ ಅಕ್ಕನಾ?" ಎಂದು ಗಿರಾಕಿಗಳು ಅವಳನ್ನು ತೋರಿಸಿ ನನ್ನನ್ನು ಕೇಳುತ್ತಾರೆ. ನನ್ನ ಮೈಯೆಲ್ಲ ಉರಿಯುತ್ತದೆ. ಒಂದು ದಿನ ಅವಳೇ ಊಟಕ್ಕೆ ಬಡಿಸುತ್ತಾ, "ತಿನ್ನು ಮಗಾ, ತಣ್ಣಗಾಗುತ್ತೆ" ಎಂದುಬಿಟ್ಟಳು.

"ಯಾರೇ ನಿನ್ನ ಮಗ? ನಾನು ನಿನ್ನ ಅಕ್ಕ ಕಣೇ!" ಎಂದು ತಟ್ಟೆ ಕುಕ್ಕಿದೆ.

"ಅಯ್ಯೋ, ಬಾಯಿ ತಪ್ಪಿ ಬಂತು ಬಿಡು," ಎಂದು ನಕ್ಕಳು. ನಕ್ಕಾಗ ಒಂದು ಪಕ್ಕದ ಹಲ್ಲುಗಳು ಇರಲಿಲ್ಲ. ಹಿಂದಿನ ದಿನ ಇದ್ದವು. ನಾನು ಊಟ ಬಿಟ್ಟು ಎದ್ದು ಹೋದೆ.

ಹಡಗಿನ ಜೀವನದ ಬಗ್ಗೆ ಅವಳು ಹೇಳುವುದು ಕಡಿಮೆ. ಅಲ್ಲಿ ಸೂರ್ಯ ಕದಲುವುದಿಲ್ಲವಂತೆ. ಬೆಳಗಿನ ಬಿಸಿಲು ವರ್ಷಗಟ್ಟಲೆ ಅಲ್ಲೇ ನಿಂತಿರುತ್ತದೆ, ನಿದ್ದೆ ಬಂದಾಗ ಕಣ್ಣಿಗೆ ಬಟ್ಟೆ ಕಟ್ಟಿಕೊಂಡು ಮಲಗಬೇಕು. 'ಕಸೂತಿಗೆ ಎಂಥಾ ಒಳ್ಳೇ ಬೆಳಕು' ಎಂದು ಯಜಮಾನರು ಹೊಗಳುವುದು ಇದನ್ನೇ. ವಾಪಸ್ಸು ಬನ್ನಿ ಎಂದು ದಡದಿಂದ ಬಾವುಟ ತೋರಿಸಿದರೆ ಕಾಣಲಿ ಎಂದು ಹಡಗಿನಲ್ಲಿ ಒಂದು ದುರ್ಬೀನು ಇಟ್ಟಿದ್ದಾರೆ. ಬೇಜಾರಾದಾಗ ಪುಟ್ಟಿ ಅದರಲ್ಲಿ ನಮ್ಮ ಅಂಗಡಿಯ ಕಿಟಕಿ ನೋಡುತ್ತಾಳೆ. ಕಿಟಕಿಯಲ್ಲಿ ನಾನು ಗೊಂಬೆಯ ಹಾಗೆ ನಿಂತಿರುತ್ತೇನಂತೆ. "ಒಂದ್ಸಲ ನಾನು ಊಟಕ್ಕೆ ಕೂರೋವಾಗ ನೀನು ಸೀನೋಕೆ ಶುರು ಮಾಡ್ದೆ ಅಕ್ಕ. ಉಂಡು, ಪಾತ್ರೆ ತೊಳೆದು ಬಂದು ನೋಡ್ತೀನಿ, ಆಗ ಮುಗೀತು ನಿನ್ನ ಸೀನು" ಎಂದು ಹೇಳಿ ನಗುತ್ತಾಳೆ. ನನಗೆ ನಗು ಬರುವುದಿಲ್ಲ.

ಈಗ ಸಿಟ್ಟಿನ ವಿಷಯಕ್ಕೆ ಬರುತ್ತೇನೆ. ಮೊದಮೊದಲು ನನಗೆ ಇದು ಗೊತ್ತಾಗಿರಲಿಲ್ಲ. ಒಂದು ಬೆಳಿಗ್ಗೆ ಪುಟ್ಟಿ ನನ್ನ ಹೊಸ ಚಪ್ಪಲಿ ಮೆಟ್ಟಿಕೊಂಡು ದೋಣಿ ಹತ್ತಿಬಿಟ್ಟಳು. ಹೇಳಲಿಲ್ಲ, ಕೇಳಲಿಲ್ಲ. ಬೆಳಗಿನಿಂದ ಒಳಗೊಳಗೇ ಕುದಿಯುತ್ತಾ, ಬಂದ ಕೂಡಲೇ ಏನೇನು ಅನ್ನಬೇಕು ಎಂದು ಸಾಲಾಗಿ ಜೋಡಿಸಿಟ್ಟುಕೊಂಡು ಕಾದೆ. ಮಧ್ಯಾಹ್ನ ಹಗ್ಗದ ಚಪ್ಪಲಿಯಲ್ಲಿ ಕಾಲೆಳೆಯುತ್ತಾ ಇಳಿದವಳು, "ಯಾವ ಚಪ್ಪಲಿ ಅಕ್ಕ?" ಎಂದಳು. ಸ್ವಲ್ಪ ಯೋಚಿಸಿ, "ಓ ಅದಾ, ಅದು ಸವೆದು ಯಾವ ಕಾಲವಾಯ್ತು!" ಎಂದಳು. ಅವಳ ಮುಖದಲ್ಲಿ ನನ್ನನ್ನು ಕಂಡ ಸಂತೋಷ ಬಿಟ್ಟರೆ ಬೇರೇನೂ ಇರಲಿಲ್ಲ. ಜೋಡಿಸಿಟ್ಟ ಬೈಗುಳವನ್ನೆಲ್ಲ ಬಾಯಲ್ಲಿ ಇಟ್ಟುಕೊಂಡು ನಾನು ಪೆಚ್ಚಾಗಿ ನಿಂತೆ. ಈ ಊರಿನಲ್ಲಿ ನೆಟ್ಟಗೆ ಒಂದು ಜಗಳವಾಡುವ ಹಾಗೂ ಇಲ್ಲ.

ಚಪ್ಪಲಿಯ ವಿಷಯ ಹಾಳಾಗಿ ಹೋಗಲಿ. ಕಾಜಾದವಳ ಕಥೆ ಕೇಳಿ. ಗುಂಡಿಗೆ ಕಾಜಾ ಹಾಕುವವಳು ಅವಳು, ನನಗಿಂತ ಚಿಕ್ಕವಳು, ಈಗ ಬೀದಿಯ ಮಕ್ಕಳು ಅಜ್ಜಿ ಎನ್ನುತ್ತಾರೆ. ಅವಳಿಗೆ ಎದೆಹಾಲು ಕುಡಿಯುವ ಮಗು ಇದ್ದಾಗ ಯಜಮಾನರು ಹಡಗಿಗೆ ಹೋಗಲು ಹೇಳಿದರು. ಅವತ್ತು ಅವಳು ಅಂಗಡಿ ಎದ್ದುಹೋಗುವ ಹಾಗೆ ಕೂಗಾಡಿದಳು. ಮಧ್ಯಾಹ್ನ ಮಗುವಿಗೆ ಹಾಲು ಕೊಡುವವರು ಯಾರು ಎಂದು ಕೇಳಿದಳು. "ಮಧ್ಯಾಹ್ನದೊಳಗೆ ಬಂದುಬಿಡ್ತೀಯಲ್ಲ ತಾಯಿ, ನಾನೇನು ಸುಳ್ಳು ಹೇಳ್ತಿದೀನಾ?" ಎಂದರು ಯಜಮಾನರು. ಸುಳ್ಳು ಹೇಳಿರಲಿಲ್ಲ. ಅವಳು ಮಧ್ಯಾಹ್ನದೊಳಗೇ ಬಂದಳು. ಮಗುವಿಗೆ ಸರಿಯಾಗಿ ಆಗಲೇ ಹಸಿವಾಗಿತ್ತು. ಅವಳ ಹಾಲು ಬತ್ತಿ ವರ್ಷಗಳೇ ಆಗಿದ್ದವು.

ನಾನು ಯಜಮಾನರ ಕುತ್ತಿಗೆಪಟ್ಟಿ ಹಿಡಿಯಲು ಎದ್ದೆ. ಕಾಜಾದವಳೇ ನನ್ನ ಕೈ ಹಿಡಿದು ಕೂರಿಸಿದಳು. "ಬಿಡಮ್ಮ, ಆಗಿಹೋದ ಮಾತು. ಅಲ್ಲಿ ಅತ್ತು ಅತ್ತು ಸಾಕಾಯ್ತು. ಹಳೇ ಕಥೆ" ಎಂದಳು. ಹಳೇ ಕಥೆಯಂತೆ! ಅವತ್ತು ಬೆಳಿಗ್ಗೆ ನಡೆದದ್ದು! ಯಜಮಾನರು ಕನ್ನಡಕ ಒರೆಸಿಕೊಳ್ಳುತ್ತಾ, "ನೋಡಿ, ನಮ್ಮ ಅಂಗಡೀಲಿ ಜಗಳ ಅನ್ನೋದು ಊಟದ ಹೊತ್ತಿಗೆ ಇರಲ್ಲ" ಎಂದು ಗಿರಾಕಿಯೊಬ್ಬರಿಗೆ ಹೆಮ್ಮೆಯಿಂದ ಹೇಳಿದರು.

ಆಗ ನನಗೆ ತಲೆಗೆ ಹೋಯಿತು. ಬೆಳಿಗ್ಗೆ ಯಾರು ದನಿ ಎತ್ತುತ್ತಾರೋ ಅವರನ್ನೇ ಅವತ್ತು ದೋಣಿಗೆ ಹತ್ತಿಸುತ್ತಾರೆ. ನಾನು ದಡದಲ್ಲೇ ಕತ್ತರಿಸಬೇಕಾದವಳು ಎಂದು ಉಳಿದುಕೊಂಡಿದ್ದೆ, ಅಷ್ಟೇ. ಮಧ್ಯಾಹ್ನಕ್ಕೆ ಅವರು ಮೆತ್ತಗಾಗಿ, ನರೆತು, ಎಲ್ಲವನ್ನೂ ನುಂಗಿಕೊಂಡು ಬರುತ್ತಾರೆ. ಅನ್ಯಾಯ ಮಾಡಿದವನಿಗೆ ಇನ್ನೂ ಬೆಳಗಿನ ಟೀ ಜೀರ್ಣವಾಗಿರುವುದಿಲ್ಲ, ಅನ್ಯಾಯಕ್ಕೆ ಒಳಗಾದವಳು ಅದನ್ನು ಆಗಲೇ ಕ್ಷಮಿಸಿರುತ್ತಾಳೆ. ಇದಕ್ಕಿಂತ ಸುಖದ ಯಜಮಾನಿಕೆ ಎಲ್ಲಾದರೂ ಇದೆಯೇ?

ಹೋದ ವಾರ ಪುಟ್ಟಿ ದೋಣಿಯಿಂದ ಇಳಿಯುವಾಗ ಅವಳನ್ನು ಇಬ್ಬರು ಹಿಡಿದುಕೊಳ್ಳಬೇಕಾಯಿತು. ಮಂಡಿ ಮಡಿಸಲು ಬರುತ್ತಿರಲಿಲ್ಲ. ಸೂಜಿಯ ಕಣ್ಣು ಕಾಣದೆ ನಾಲಿಗೆಯ ತುದಿಯಿಂದ ಮುಟ್ಟಿ ದಾರ ಪೋಣಿಸುತ್ತಿದ್ದಳು. ಅವತ್ತು ಅವಳು ಮಾಡಿ ತಂದದ್ದು ಒಂದು ಮದುವೆಯ ಉಡುಪು, ನೀಲಿ ಬಟ್ಟೆಯ ಮೇಲೆ ಬೆಳ್ಳಿ ದಾರದ ಹಕ್ಕಿಗಳು. ಒಂದೊಂದು ಹಕ್ಕಿಯ ಕಣ್ಣೂ ಬೇರೆ ಬೇರೆ ಕಡೆ ನೋಡುತ್ತಿತ್ತು. ಇನ್ನೊಂದು ಸಲ ಹೋದರೆ ಇವಳು ಬರುವುದಿಲ್ಲ, ಬಂದರೂ ಹೊತ್ತುಕೊಂಡು ಬರಬೇಕಾಗುತ್ತದೆ ಎಂದು ನನಗೆ ಖಾತ್ರಿಯಾಯಿತು. ಯಜಮಾನರನ್ನು ನಿಲ್ಲಿಸಿ ಎಲ್ಲರೆದುರಿಗೆ ಕೇಳಿದೆ. ಅವರು ಎದೆಯ ಮೇಲೆ ಕೈ ಇಟ್ಟು, "ಇದೇ ಕೊನೆ. ಇನ್ಮೇಲೆ ಪುಟ್ಟಿ ಕಿಟಕಿ ಪಕ್ಕ ಕೂತು ಬೇರೆಯವರಿಗೆ ಹೇಳಿಕೊಟ್ಟರೆ ಸಾಕು" ಎಂದು ಮಾತು ಕೊಟ್ಟರು.

ಆ ಮಾತಿಗೆ ಒಂದು ವಾರದ ಆಯಸ್ಸು.

ನಿನ್ನೆ ಬೆಳಿಗ್ಗೆ ಅಂಗಡಿಯ ಮುಂದೆ ಕಾರು ನಿಂತಿತು. ಇಳಿದವರು ಆ ನೀಲಿ ಉಡುಪಿನ ಗಿರಾಕಿ, ಮದುಮಗಳ ತಾಯಿ. ಹಿಂದೆ ಮದುಮಗಳು, ಅವಳ ಕೈಯಲ್ಲಿ ಉಡುಪಿನ ಪೆಟ್ಟಿಗೆ. ತಾಯಿ ಪೆಟ್ಟಿಗೆ ತೆಗೆದು ಉಡುಪನ್ನು ನನ್ನ ಮೇಜಿನ ಮೇಲೆ ಹಾಕಿದರು.

"ನೀಲಿ ಯಾಕೋ ಡಲ್ ಹೊಡೀತಿದೆ. ನಾಳೆ ಮದುವೆ. ಇದೇ ಡಿಸೈನು, ಕೆನೆ ಬಣ್ಣದಲ್ಲಿ ಮಾಡಿಕೊಡಿ. ಮಧ್ಯಾಹ್ನ ಬರ್ತೀವಿ."

ಪುಟ್ಟಿ ಕಿಟಕಿಯ ಪಕ್ಕ ಸ್ಟೂಲಿನ ಮೇಲೆ ಕೂತಿದ್ದಳು. ತಾನು ಹೆಣೆದ ಹಕ್ಕಿಗಳನ್ನು ನೋಡುತ್ತಿದ್ದಳು. ನನ್ನ ಸಿಟ್ಟು ನೆತ್ತಿಗೇರಿತು, ಆದರೂ ಹಲ್ಲು ಕಚ್ಚಿಕೊಂಡು ಹೇಳಿದೆ. "ಅಮ್ಮಾ, ಅದನ್ನ ಮಾಡಿದವಳು ಇನ್ನು ಹಡಗಿಗೆ ಹೋಗಲ್ಲ. ಆ ಹಕ್ಕಿ ಬೇರೆ ಯಾರ ಕೈಗೂ ಬರಲ್ಲ."

"ಅದೇನು ಅಷ್ಟು ದೊಡ್ಡ ವಿಷಯ? ಹೇಗೂ ಅರ್ಧ ದಿನದ ಕೆಲಸ ತಾನೇ?"

ಯಜಮಾನರು ಒಳಗಿನಿಂದ ಓಡಿ ಬಂದರು. ಅವರ ಮುಖದಲ್ಲಿ ಗಿರಾಕಿಗಳಿಗೆಂದೇ ಇಟ್ಟುಕೊಂಡ ನಗು ಇತ್ತು. "ಆಗುತ್ತಮ್ಮ, ಯಾಕಾಗಲ್ಲ? ಪುಟ್ಟಿ, ಇದೊಂದು ಸಲ ಹೋಗಿ ಬಾರಮ್ಮ. ಹೊತ್ತಾಯ್ತು, ಅಂಬಿಗ ಕಾಯ್ತಿದಾನೆ."

"ಹೋದ ವಾರ ಏನಂದ್ರಿ?" ಎಂದು ನಾನು ಮೇಜು ಗುದ್ದಿದೆ. "ಎದೆ ಮುಟ್ಟಿಕೊಂಡು ಏನಂದ್ರಿ? ಇಷ್ಟು ಜನ ಕೇಳಿಸಿಕೊಂಡಿದಾರೆ. ಅವಳಿಗೆ ಕಣ್ಣು ಕಾಣಲ್ಲ, ಕಾಲು ಬರಲ್ಲ. ಅವಳನ್ನ ಸಾಯಿಸೋಕೆ ಕಳಿಸ್ತೀರಾ? ಒಂದು ಬಣ್ಣಕ್ಕೆ?"

ಯಜಮಾನರು ಬೇಸರ ಮಾಡಿಕೊಳ್ಳಲಿಲ್ಲ. ಅವರು ಯಾವತ್ತೂ ಮಾಡಿಕೊಳ್ಳುವುದಿಲ್ಲ. ನನ್ನ ಹತ್ತಿರ ಬಂದು ದನಿ ತಗ್ಗಿಸಿ ಹೇಳಿದರು. "ನೀನು ಹೇಳೋದು ನಂಗೂ ಅರ್ಥ ಆಗುತ್ತೆ. ಒಂದು ಕೆಲಸ ಮಾಡು. ನೀನೂ ಜೊತೆಗೆ ಹೋಗು. ಬಟ್ಟೆ ಕತ್ತರಿಸಿಟ್ಟುಬಿಟ್ಟರೆ ನಿಂಗಿಲ್ಲಿ ಏನು ಕೆಲಸ? ತಂಗಿ ದೂರ ಆದಳು ಅಂತ ಯಾವಾಗಲೂ ಒದ್ದಾಡ್ತೀಯಲ್ಲ. ಅಲ್ಲಿ ವರ್ಷಗಟ್ಟಲೆ ಅಕ್ಕ ತಂಗಿ ಒಟ್ಟಿಗಿರಬಹುದು. ಕೈಕಾಲು ಹಿಡಿದು ನೋಡ್ಕೋ."

ನಿಜ ಹೇಳುತ್ತೇನೆ, ನನ್ನ ಎದೆ ಒಮ್ಮೆ ಜಿಗಿಯಿತು. ಅವಳ ಮೂವತ್ತು, ಅವಳ ನಲವತ್ತು, ಯಾವುದನ್ನೂ ನಾನು ನೋಡಿಲ್ಲ. ನಾನು ಅನ್ನಕ್ಕೆ ನೀರಿಟ್ಟು ಇಳಿಸುವುದರೊಳಗೆ ಅವು ಮುಗಿದುಹೋಗಿದ್ದವು. ಈಗ ಉಳಿದ ಎರಡು ಮೂರು ವರ್ಷವಾದರೂ ಅವಳ ಪಕ್ಕದಲ್ಲಿ ಕೂತು, ದಾರ ಪೋಣಿಸಿಕೊಟ್ಟು, ರಾತ್ರಿಯೇ ಆಗದ ಆ ಬೆಳಕಿನಲ್ಲಿ ಹರಟೆ ಹೊಡೆಯಬಹುದು. ಹೂಂ ಎನ್ನಲು ಬಾಯಿ ತೆರೆದೆ.

ಅಷ್ಟರಲ್ಲಿ ಯಜಮಾನರ ಕಣ್ಣು ನೋಡಿದೆ. ಆ ಕಣ್ಣುಗಳು ಮಧ್ಯಾಹ್ನಕ್ಕೆ ಕಾಯುತ್ತಿದ್ದವು. ಮಧ್ಯಾಹ್ನ ಮೆಣಸಿನಕಾಯಿ ದೋಣಿಯಿಂದ ಇಳಿದು, 'ಬಿಡಿ ಯಜಮಾನರೇ, ಹಳೇ ಕಥೆ' ಎನ್ನುತ್ತಾಳೆ. ಆಮೇಲೆ ಈ ಅಂಗಡಿಯಲ್ಲಿ ಬೆಳಿಗ್ಗೆ ನಡೆದದ್ದನ್ನು ಬೆಳಿಗ್ಗೆಯೇ ನಡೆದದ್ದು ಎಂದು ಹೇಳುವವರೇ ಇರುವುದಿಲ್ಲ. ಎಂಥಾ ಬೆಣ್ಣೆಯಂಥ ಮಾತು, ಒಳಗೆಷ್ಟು ವಿಷ! ತಂಗಿಯ ಮೇಲಿನ ನನ್ನ ಪ್ರೀತಿಯನ್ನೇ ಹಗ್ಗ ಮಾಡಿ ನನ್ನನ್ನು ಕಟ್ಟಲು ಬಂದಿದ್ದರು.

ನಾನು ಅಳತೆಯ ಟೇಪು ತೆಗೆದುಕೊಂಡು ಮದುಮಗಳ ಹತ್ತಿರ ಹೋದೆ. ಭುಜ ಅಳೆದೆ, ಸೊಂಟ ಅಳೆದೆ. ತಾಯಿಗೆ ಸಮಾಧಾನವಾಯಿತು.

"ಕೆನೆ ಬಣ್ಣದ ಬಟ್ಟೆ ಬೇರೆ ಜಾತಿದು ಅಮ್ಮ," ಎಂದೆ, ನನಗೇ ಆಶ್ಚರ್ಯವಾಗುವಷ್ಟು ಮೆತ್ತಗೆ. "ನೀಲಿ ಥರ ಬಗ್ಗಲ್ಲ. ಕಸೂತಿ ಬಿದ್ದಷ್ಟೂ ಭುಜದ ಹತ್ತಿರ ಎಳೆಯುತ್ತೆ. ಮಧ್ಯೆ ಮಧ್ಯೆ ಟ್ರಯಲ್ ನೋಡಲೇಬೇಕು, ಇಲ್ಲದಿದ್ರೆ ನಾಳೆ ಹಾಕ್ಕೊಂಡಾಗ ಹೊಲಿಗೆ ಬಿಚ್ಚಿಕೊಳ್ಳುತ್ತೆ. ಮಗಳನ್ನೂ ದೋಣಿಗೆ ಹತ್ತಿಸಿ, ಹಡಗಲ್ಲೇ ಟ್ರಯಲ್ ಮಾಡಿಸಿ ಕಳಿಸ್ತಾರೆ."

ನಾನು ಹೇಳಿದ್ದರಲ್ಲಿ ಸುಳ್ಳಿರಲಿಲ್ಲ. ಆ ಬಟ್ಟೆಗೆ ಟ್ರಯಲ್ ಬೇಕೇ ಬೇಕು.

ತಾಯಿಯ ಮುಖ ಕೆಂಪಾಯಿತು. "ತಲೆ ಸರಿ ಇದೆಯಾ ನಿನಗೆ? ನನ್ನ ಮಗಳು ಆ ಹಡಗಿಗೆ ಹೋಗ್ಬೇಕಾ?"

"ಅರ್ಧ ದಿನ ತಾನೇ ಅಮ್ಮಾ?"

"ಏನು ಅರ್ಧ ದಿನ! ಮೂರು ವರ್ಷ! ಅವಳ ಆಯಸ್ಸಲ್ಲಿ ಮೂರು ವರ್ಷ ಹೋಗುತ್ತೆ! ಅವಳ ವಯಸ್ಸನ್ನ ಯಾರು ವಾಪಸ್ ಕೊಡ್ತೀರಿ?"

ಹೊಲಿಗೆ ಯಂತ್ರಗಳು ಒಂದೊಂದಾಗಿ ನಿಂತವು. ಇಸ್ತ್ರಿ ಮಾಡುವವನು ಇಸ್ತ್ರಿಪೆಟ್ಟಿಗೆಯನ್ನು ಎತ್ತಿ ಹಿಡಿದುಕೊಂಡೇ ನಿಂತ. ಈ ಅಂಗಡಿಯಲ್ಲಿ ಆ ಲೆಕ್ಕವನ್ನು ಯಾರೂ ಅಷ್ಟು ಗಟ್ಟಿಯಾಗಿ ಹೇಳಿರಲಿಲ್ಲ. ನಾನು ಎಷ್ಟು ಕಿರುಚಿದರೂ ಅದು ಮೆಣಸಿನಕಾಯಿಯ ಖಾರ ಎಂದು ಹೋಗುತ್ತಿತ್ತು. ಈಗ ಕಾರಿನಲ್ಲಿ ಬಂದವರ ಬಾಯಿಂದಲೇ ಬಂತು. ಅವರ ಮಗಳಿಗಾದರೆ ಅದು ಮೂರು ವರ್ಷ, ನಮಗಾದರೆ ಅರ್ಧ ದಿನ.

ಸ್ಟೂಲು ಕಿರ್ರ್ ಎಂದಿತು. ಪುಟ್ಟಿ ಕಿಟಕಿ ಹಿಡಿದುಕೊಂಡು ಎದ್ದು ನಿಂತಿದ್ದಳು.

"ನಿಮಗೆ ಎಷ್ಟು ವಯಸ್ಸಮ್ಮ?" ಎಂದು ಮದುಮಗಳನ್ನು ಕೇಳಿದಳು.

"ಇಪ್ಪತ್ತೇಳು," ಎಂದಳು ಆ ಹುಡುಗಿ, ಏನೂ ತಿಳಿಯದೆ.

"ನನಗೆ ಇಪ್ಪತ್ತಾರು. ಹಾಗಾದ್ರೆ ನೀವು ನನಗೆ ಅಕ್ಕ ಆಗ್ಬೇಕು."

ಹುಡುಗಿ ಪುಟ್ಟಿಯ ಬಿಳಿ ಕೂದಲನ್ನೂ ಗಂಟುಬಿದ್ದ ಬೆರಳುಗಳನ್ನೂ ನೋಡಿದಳು. ಆಮೇಲೆ ಮೇಜಿನ ಮೇಲಿದ್ದ ನೀಲಿ ಉಡುಪನ್ನು ನೋಡಿದಳು. ಮುಟ್ಟಲು ಚಾಚಿದ್ದ ಕೈಯನ್ನು ಹಿಂದಕ್ಕೆ ತೆಗೆದುಕೊಂಡಳು. ಅವಳ ತಾಯಿ ಮಾತ್ರ, "ಊರಲ್ಲಿ ಇದೊಂದೇ ಅಂಗಡಿನಾ? ನಡಿ" ಎಂದು ಅವಳ ರಟ್ಟೆ ಹಿಡಿದು ಎಳೆದುಕೊಂಡು ಹೋದರು. ಉಡುಪು ಮೇಜಿನ ಮೇಲೇ ಉಳಿಯಿತು.

ಆಗ ಯಜಮಾನರ ಮುಖದ ನಗು ಮೊದಲ ಸಲ ಜಾರಿತು. ಕಾರಿನ ಹಿಂದೆ ನಾಲ್ಕು ಹೆಜ್ಜೆ ಓಡಿ, ಬೈಸಿಕೊಂಡು ವಾಪಸ್ಸು ಬಂದರು. "ಇವತ್ತಿನ ಬೇರೆ ಬಟ್ಟೆಗಳಾದ್ರೂ ಹೋಗಲಿ. ಎಲ್ಲರೂ ದೋಣಿ ಹತ್ತಿ! ಪುಟ್ಟಿ, ನೀನೇ ಮೊದಲು. ಹತ್ತಲ್ಲ ಅಂದ್ರೆ ನಾಳೆಯಿಂದ ಇಬ್ಬರೂ ಇತ್ತ ಬರಬೇಡಿ."

ಕಾಜಾದವಳು ತನ್ನ ಜಾಗದಿಂದ ಎದ್ದಳು. ಬಾಗಿಲ ಹತ್ತಿರ ದೋಣಿಗೆ ಸಿದ್ಧವಾಗಿದ್ದ ಟ್ರಂಕಿನ ಮುಚ್ಚಳ ಹಾಕಿ ಅದರ ಮೇಲೆ ಕೂತುಬಿಟ್ಟಳು. ಅಂಬಿಗ ಬಂದು, "ಏಳಜ್ಜಿ" ಎಂದ.

"ಅಜ್ಜಿ ನಿಮ್ಮಪ್ಪನ ಮನೇಲಿ," ಎಂದಳು ಅವಳು. "ನನ್ನ ಮಗು ಇನ್ನೂ ಅಂಬೆಗಾಲು ಇಡ್ತಿದೆ."

ನಿನ್ನೆ ನಮ್ಮ ಅಂಗಡಿಯಿಂದ ದೋಣಿ ಹೋಗಲಿಲ್ಲ. ಇವತ್ತು ಹೋಗುತ್ತದೋ ಏನೋ, ನನಗೆ ಗೊತ್ತಿಲ್ಲ. ದೊಡ್ಡದೇನನ್ನೋ ಗೆದ್ದೆವು ಎಂದು ಹೇಳಿದರೆ ನನ್ನ ನಾಲಿಗೆಗೇ ನಾಚಿಕೆ. ನಾನೂ ಪುಟ್ಟಿಯೂ ಮನೆಗೆ ಬರುವ ದಾರಿಯಲ್ಲಿ ಪಕ್ಕದ ಅಂಗಡಿಯ ದೋಣಿ ಬಂಡೆಗಳ ಕಡೆ ಹೋಗುತ್ತಿತ್ತು, ಅವರ ಬಾಗಿಲ ಮುಂದೆ ಅದೇ ಕಾರು ನಿಂತಿತ್ತು. ದೋಣಿಯಲ್ಲಿದ್ದ ಹುಡುಗಿಯರು ನಮ್ಮನ್ನು ನೋಡಿ ಕೈ ಬೀಸಿದರು. ಪುಟ್ಟಿ ಕೈ ಬೀಸಲಿಲ್ಲ. ನಿಂತು, ನನ್ನ ಕಡೆ ತಿರುಗಿ, ಬೈಯಲು ಶುರು ಮಾಡಿದಳು.

ಹೌದು, ನನ್ನನ್ನು. ಯಜಮಾನರನ್ನಲ್ಲ, ಆ ತಾಯಿಯನ್ನಲ್ಲ, ಅಷ್ಟೆಲ್ಲ ಕೂಗಾಡಿ ಗಂಟಲು ಹರಿದುಕೊಂಡ ನನ್ನನ್ನು.

"ನೀನು ಬೈಯೋದನ್ನ ನಾನು ಅಲ್ಲಿಂದ ನೋಡ್ತಿದ್ದೆ ಗೊತ್ತಾ? ದುರ್ಬೀನಲ್ಲಿ ಒಂದು ತಿಂಗಳು ನಿನ್ನ ಬಾಯಿ ಅವನ ಮೇಲೆ ತೆರೆದೇ ಇರ್ತಿತ್ತು. ಅಬ್ಬಾ, ನಮ್ಮಕ್ಕ ಅಂತ ಎಷ್ಟು ಖುಷಿ ಆಗೋದು. ಆಮೇಲೆ ಬಾಯಿ ಮುಚ್ಚೋದು. ಮುಚ್ಚಿದ ಮೇಲೆ ವರ್ಷಗಟ್ಟಲೆ ಮುಂದಿನ ಟ್ರಂಕಿಗೆ ನಿನ್ನ ಕೈ ಕತ್ತರಿ ಆಡಿಸ್ತಾನೇ ಇರ್ತಿತ್ತು! ಅವನಿಗೆ ಬೈಯೋಕೆ ಒಂದು ತಿಂಗಳು, ಅವನಿಗೆ ಕತ್ತರಿಸಿಕೊಡೋಕೆ ಎರಡು ವರ್ಷ! ನೀನು ಕತ್ತರಿಸಿದ್ದಕ್ಕೇ ಅಲ್ವೇನೇ ನಾನು ಹೊಲಿದಿದ್ದು?"

"ನಾನೊಬ್ಬಳು ಕತ್ತರಿಸದಿದ್ರೆ ಬೇರೆಯವಳು ಕತ್ತರಿಸೋಳು!" ಎಂದೆ ನಾನು. "ನಿನ್ನನ್ನ ಸಾಕಿದ್ದು ಯಾರು? ಹೊಟ್ಟೆಗೆ ಎಲ್ಲಿಂದ ಬರ್ತಿತ್ತು?"

"ಸಾಕಿದ್ದು ನೀನೇ. ಅದಕ್ಕೇ ನಿನ್ನ ಮೇಲೆ ಸಿಟ್ಟು. ಅವನ್ಯಾರು ನಂಗೆ?"

ದಾರಿಯುದ್ದಕ್ಕೂ ಬೈದಳು. ಸೊಂಟದ ಮೇಲೆ ಕೈ ಇಟ್ಟು, ನಿಂತು ನಿಂತು, ಉಸಿರು ತೆಗೆದುಕೊಂಡು ಬೈದಳು. ನಾನೇನು ಸುಮ್ಮನಿರುವವಳಲ್ಲ, ಒಂದಕ್ಕೆರಡು ತಿರುಗಿ ಅಂದೆ. ಅವಳು ಹೇಳಿದ್ದು ಹಸಿ ಅನ್ಯಾಯ ಎಂದು ಆಗಲೂ ಅನ್ನಿಸಿತು, ಈಗಲೂ ಅನ್ನಿಸುತ್ತದೆ. ಎಲ್ಲ ಅನ್ಯಾಯವೂ ಅಲ್ಲ ಎಂದು ಕೂಡ ಅನ್ನಿಸುತ್ತದೆ, ಅದಕ್ಕೇ ಇನ್ನಷ್ಟು ಸಿಟ್ಟು ಬರುತ್ತದೆ. ಮಧ್ಯಾಹ್ನ ಅವಳು ನನ್ನ ಜೊತೆ ಊಟಕ್ಕೆ ಕೂರಲಿಲ್ಲ. ತಟ್ಟೆ ಎತ್ತಿಕೊಂಡು ಹಿಂದಿನ ಕೋಣೆಗೆ ಹೋದಳು. ಊಟದ ಹೊತ್ತು ದಾಟಿತು. ಸಂಜೆ ನಾನೇ ಸೋತು ಟೀ ಮಾಡಿ ಇಟ್ಟೆ. ಕುಡಿದಳು, ಮುಖ ನೋಡಲಿಲ್ಲ. ಇಷ್ಟು ಉದ್ದದ ಜಗಳ ನಮ್ಮಿಬ್ಬರ ನಡುವೆ ನಾಲ್ಕು ವರ್ಷದಲ್ಲಿ ಒಂದೂ ನಡೆದಿರಲಿಲ್ಲ.

ಇವತ್ತು ಬೆಳಿಗ್ಗೆ ಎದ್ದಾಗ ಅವಳು ಆಗಲೇ ಎದ್ದು ಅಡುಗೆಮನೆಯಲ್ಲಿ ಪಾತ್ರೆಗಳನ್ನು ಕುಕ್ಕುತ್ತಿದ್ದಳು. ಹೋಗಿ ಬಾಗಿಲಲ್ಲಿ ನಿಂತೆ.

"ಪುಟ್ಟಿ, ಇನ್ನೂ ನಿನ್ನ ಸಿಟ್ಟು ಹೋಗಿಲ್ವಾ?"

ಅವಳು ತಿರುಗಿ ನೋಡಿದಳು. ಕಣ್ಣು ಕೆಂಪಗಿತ್ತು, ಮೂಗು ಅರಳಿತ್ತು. ಥೇಟು ನನ್ನ ಮುಖ.

"ಹೋಗೋಕೆ ಅದೆಲ್ಲಿಗೆ ಹೋಗುತ್ತೆ?" ಎಂದಳು. "ನಾನೇ ಎಲ್ಲಿಗೂ ಹೋಗಲ್ಲ ಅಂದ್ಮೇಲೆ?"

ನಾನು ಹೊರಗೆ ಬಂದು ಮೆಟ್ಟಿಲ ಮೇಲೆ ಕೂತು ಅತ್ತುಬಿಟ್ಟೆ. ಆಮೇಲೆ ಮುಖ ತೊಳೆದುಕೊಂಡು ಒಳಗೆ ಹೋಗಿ ಜಗಳ ಮುಂದುವರಿಸಿದೆ.